ಅಂಗಳಕ್ಕೆ ಕಟ್ಟಿದ ಬಿಳಿ ಬಟ್ಟೆ

ಸತ್ಯಜಿತ್ ರಾಯ್ 1952ರಲ್ಲಿ ‘ಪಥೇರ್ ಪಾಂಚಾಲಿ’ ಶುರು ಮಾಡಿದಾಗ ಛಾಯಾಗ್ರಾಹಕ ಸುಬ್ರತ ಮಿತ್ರ ಅದುವರೆಗೆ ಮೂವಿ ಕ್ಯಾಮೆರಾ ನಡೆಸಿದವರೇ ಅಲ್ಲ. ಬಂಗಾಳದಲ್ಲಿ ಜಾನ್ ರೆನ್ವಾರ ‘ದಿ ರಿವರ್’ ಚಿತ್ರೀಕರಣವನ್ನು ನಿಂತು ನೋಡಿದ್ದೇ ಅವರ ಪಾಠಶಾಲೆ.

‘ಅಪರಾಜಿತೋ’ಗೆ (1956) ಕಾಶಿಯ ಮನೆಯ ಅಂಗಳ ಬೇಕಿತ್ತು. ಮಳೆಗಾಲದ ಭಯಕ್ಕೆ ಅದನ್ನು ಕಲ್ಕತ್ತೆಯ ಸ್ಟುಡಿಯೋದಲ್ಲೇ ಕಟ್ಟಿದರು. ನೇರ ದೀಪ ಹಾಕಿದರೆ ಒಬ್ಬೊಬ್ಬರಿಗೂ ಎರಡು ಮೂರು ನೆರಳು. ಬಯಲು ಅಂಗಳದಲ್ಲಿ ಹಾಗೆಲ್ಲಿ ಬೀಳುತ್ತದೆ? ಮಿತ್ರ ಮೇಲೆ ಬಿಳಿ ಬಟ್ಟೆ ಬಿಗಿದು, ಕೆಳಗಿನಿಂದ ದೀಪಗಳನ್ನು ಅದರತ್ತ ತಿರುಗಿಸಿದರು. ಬಟ್ಟೆಗೆ ತಾಗಿ ಚದುರಿ ಇಳಿದ ಬೆಳಕು ಆಕಾಶದ್ದೇ ಅನಿಸಿತು. ಇಂದು ಎಲ್ಲರೂ ಬಳಸುವ ‘ಬೌನ್ಸ್ ಲೈಟಿಂಗ್’ ಇದೇ.

‘ನಾಯಕ್’ (1966) ನಂತರ ರಾಯ್ ಜೊತೆ ಅವರು ಸಿನಿಮಾ ಮಾಡಲಿಲ್ಲ. 2001ರಲ್ಲಿ ತೀರಿಕೊಂಡರು. ಕತ್ತಲ ನಡುಮನೆಯಲ್ಲಿ ಅಜ್ಜಿಯರ ಸಂದರ್ಶನ ಮಾಡುವಾಗ ನಾವು ಮೊಬೈಲಿನ ಎದುರು ಬಿಳಿ ಪಂಚೆ ಹಿಡಿಯುವುದು ಅವರಿಂದ ಕಲಿತದ್ದು.