ವಿವಾಹಭೂಮಿ ಮತ್ತು ಹುಟ್ಟೂರು: ಒಂದು ಐತಿಹಾಸಿಕ ಅವಲೋಕನ

ವಿವಾಹಯೋಗ್ಯರಾದ ಮಕ್ಕಳಿರುವ ಮನೆಗಳಲ್ಲಿ ಈಚಿನ ವರ್ಷಗಳಲ್ಲಿ ಒಂದು ಪ್ರಶ್ನೆ ಮತ್ತೆ ಮತ್ತೆ ಏಳುತ್ತಿದೆ. ಮದುವೆಯನ್ನು ದೂರದ ಕಡಲತೀರದಲ್ಲೋ ಗಿರಿಧಾಮದಲ್ಲೋ ಐವತ್ತು ಜನರ ಸಮ್ಮುಖದಲ್ಲಿ ನೆರವೇರಿಸಬೇಕೆ, ಅಥವಾ ಹುಟ್ಟೂರಿನಲ್ಲಿ ಚಪ್ಪರ ಹಾಕಿಸಿ ಸಾವಿರ ಜನರಿಗೆ ಊಟವಿಕ್ಕಬೇಕೆ? ಮೊದಲನೆಯದನ್ನು ಮಕ್ಕಳು ಬಯಸುತ್ತಾರೆ. ಎರಡನೆಯದನ್ನು ಹಿರಿಯರು ಬಿಡಲಾರರು. ಒಬ್ಬರು ಜನಜಂಗುಳಿಯ ಆಡಂಬರಕ್ಕೆ ಅಂಜಿದರೆ, ಮತ್ತೊಬ್ಬರು ಊರಿನ ಋಣ ತೀರದೆ ಉಳಿದೀತೆಂದು ಅಂಜುತ್ತಾರೆ. ಎರಡೂ ಮಾತಿನಲ್ಲಿ ನ್ಯಾಯವಿದೆ. ಆದುದರಿಂದ ಯಾರ ಪಕ್ಷವನ್ನಾದರೂ ಹಿಡಿಯುವ ಮೊದಲು, ನಮ್ಮ ಹಿಂದಿನವರು ವಿವಾಹದ ಸ್ಥಳವನ್ನೂ ಸಮೂಹವನ್ನೂ ಕುರಿತು ಏನು ಯೋಚಿಸಿದ್ದರೆಂಬುದನ್ನು ಅವಲೋಕಿಸುವುದು ಉಚಿತ.

ರಾಷ್ಟ್ರಕೂಟ ಚಕ್ರವರ್ತಿ ಅಮೋಘವರ್ಷ ನೃಪತುಂಗನ ಗೌರವಕ್ಕೆ ಪಾತ್ರರಾಗಿದ್ದ ಆಚಾರ್ಯ ಜಿನಸೇನರು ಒಂಬತ್ತನೆಯ ಶತಮಾನದಲ್ಲಿ ಸಂಸ್ಕೃತದಲ್ಲಿ ರಚಿಸಿದ ‘ಆದಿಪುರಾಣ’ವು ಗೃಹಸ್ಥಧರ್ಮಕ್ಕೆ ದೊಡ್ಡ ಆಕರ. ನಮ್ಮ ಆದಿಕವಿ ಪಂಪನು ಕ್ರಿ.ಶ. 941ರ ವೇಳೆಗೆ ರಚಿಸಿದ ಕನ್ನಡ ‘ಆದಿಪುರಾಣ’ಕ್ಕೂ ಇದೇ ಮೂಲ. ಜಿನಸೇನರು ಗರ್ಭಾಧಾನದಿಂದ ನಿರ್ವಾಣದವರೆಗೆ 53 ಗರ್ಭಾನ್ವಯ ಕ್ರಿಯೆಗಳನ್ನು ನಿರೂಪಿಸಿದ್ದಾರೆ. ಅವುಗಳಲ್ಲಿ 17ನೆಯದು ವಿವಾಹ. ಅದರ ಕ್ರಮವನ್ನು ಗಮನವಿಟ್ಟು ಓದಿದರೆ ಇಂದಿನ ಚರ್ಚೆಗೆ ಅನಿರೀಕ್ಷಿತವಾದ ಬೆಳಕು ದೊರೆಯುತ್ತದೆ.

ಪಾಣಿಗ್ರಹಣವು ಯಾವುದಾದರೊಂದು ಪುಣ್ಯಸ್ಥಾನದಲ್ಲಿ, ಸಿದ್ಧಪ್ರತಿಮೆಯ ಎದುರಿನಲ್ಲಿ, ವೈಭವದಿಂದ ನಡೆಯಬೇಕೆಂದು ಆಚಾರ್ಯರು ವಿಧಿಸುತ್ತಾರೆ. ಅಗ್ನಿಪ್ರದಕ್ಷಿಣೆಯ ನಂತರ ವಧೂವರರು ಏಳು ದಿನಗಳ ಕಾಲ ಬ್ರಹ್ಮಚರ್ಯವ್ರತವನ್ನು ಪಾಲಿಸಬೇಕು. ಬಳಿಕ ತಮಗೆ ಉಚಿತವಾದ ಪ್ರದೇಶಗಳಲ್ಲಿ ಸಂಚರಿಸಿ, ತೀರ್ಥಕ್ಷೇತ್ರಗಳನ್ನು ಸಂದರ್ಶಿಸಬೇಕು. ಅನಂತರ ಮತ್ತೆ ವೈಭವದಿಂದ ಸ್ವಗೃಹವನ್ನು ಪ್ರವೇಶಿಸಬೇಕು. ಕೈಗೆ ಕಟ್ಟಿದ ಕಂಕಣವನ್ನು ಬಿಚ್ಚುವುದು ಆಮೇಲೆಯೇ. ಅಂದರೆ ದೂರದ ಪುಣ್ಯಭೂಮಿ ಮತ್ತು ಹುಟ್ಟಿದ ಮನೆ ಇಲ್ಲಿ ಪರಸ್ಪರ ಪ್ರತಿಸ್ಪರ್ಧಿಗಳಾಗಿಲ್ಲ. ಒಂದೇ ಕ್ರಿಯೆಯ ಆದಿ ಮತ್ತು ಅಂತ್ಯಗಳಾಗಿವೆ. ಮನೆಗೆ ಮರಳುವ ತನಕ ಕಂಕಣ ಕೈಯಲ್ಲಿಯೇ ಉಳಿದಿರುತ್ತದೆ.

ಮತ್ತೊಂದು ಅಂಶವೂ ಗಮನಾರ್ಹ. ಆಚಾರ್ಯರು ವೈಭವವನ್ನು ನಿಷೇಧಿಸಿಲ್ಲ. ಪಾಣಿಗ್ರಹಣದಲ್ಲಿಯೂ ಗೃಹಪ್ರವೇಶದಲ್ಲಿಯೂ ಅದಕ್ಕೆ ಸ್ಥಾನ ಕೊಟ್ಟಿದ್ದಾರೆ. ಆದರೆ ಆ ಎರಡು ಉತ್ಸವಗಳ ನಡುವೆ ಸಂಯಮದ ದಿನಗಳನ್ನೂ ತೀರ್ಥಯಾತ್ರೆಯನ್ನೂ ಇರಿಸಿದ್ದಾರೆ. ಇಂದಿನ ದೂರದ ಮದುವೆಯಲ್ಲಿ ಪ್ರಯಾಣ ಉಳಿದುಕೊಂಡಿದೆ, ಊರಿನ ಮದುವೆಯಲ್ಲಿ ಮೆರವಣಿಗೆ ಉಳಿದುಕೊಂಡಿದೆ. ನಡುವಿನ ಸಂಯಮ ಮಾತ್ರ ಎರಡರಿಂದಲೂ ಜಾರಿಹೋಗಿದೆ.

ಸಂಯಮ ತಪ್ಪಿದ ಉತ್ಸವದ ಬೆಲೆಯನ್ನು ತೆರುವವರು ಯಾರು? ಈ ಪ್ರಶ್ನೆಗೆ ಭಗವಾನ್ ನೇಮಿನಾಥರ ಕಥೆಗಿಂತ ಮಿಗಿಲಾದ ದೃಷ್ಟಾಂತವಿಲ್ಲ. ರಾಜೀಮತಿಯನ್ನು ವರಿಸಲು ಹೊರಟ ನೇಮಿಕುಮಾರರು ದಾರಿಯಲ್ಲಿ ಕೂಡಿಹಾಕಿದ್ದ ಮೃಗಗಳ ಆಕ್ರಂದನವನ್ನು ಕೇಳಿದರು. ಅವನ್ನು ಬಂಧಿಸಿದುದು ಮದುವೆಯ ಔತಣಕ್ಕಾಗಿ ಎಂದು ತಿಳಿದೊಡನೆ ವಿರಕ್ತರಾಗಿ ಊರ್ಜಯಂತಗಿರಿಯತ್ತ ನಡೆದರು. ನಮ್ಮ ಮದುವೆಗಳಲ್ಲಿ ಪ್ರಾಣಿವಧೆಯಿಲ್ಲವೆಂದು ನಾವು ಸಮಾಧಾನಪಟ್ಟುಕೊಳ್ಳಬಹುದು. ಆದರೆ ಹೊಲವನ್ನು ಅಡವಿಟ್ಟು ಮಗಳ ಮದುವೆ ಮಾಡಿ, ಮುಂದಿನ ಹತ್ತು ವರ್ಷ ಬಡ್ಡಿ ಕಟ್ಟುವ ತಂದೆಯ ನಿಟ್ಟುಸಿರು ಆ ಮೆರವಣಿಗೆಯ ವಾದ್ಯಘೋಷದಲ್ಲಿ ಕೇಳಿಸದೆ ಹೋಗುತ್ತದೆ. ಉಳ್ಳವರು ಹಾಕಿದ ಮೇಲ್ಪಂಕ್ತಿಯನ್ನು ಇಲ್ಲದವರು ಅನುಸರಿಸಬೇಕಾಗಿ ಬರುವುದೂ ಹಿಂಸೆಯ ಒಂದು ಸೂಕ್ಷ್ಮರೂಪವೇ.

ಹಾಗೆಂದು ಊರ ಮದುವೆಯನ್ನು ಕೇವಲ ದುಂದುವೆಚ್ಚವೆಂದು ತಳ್ಳಿಹಾಕುವುದು ಇತಿಹಾಸಕ್ಕೆ ಮಾಡುವ ಅನ್ಯಾಯ. ನಮ್ಮ ಹಳ್ಳಿಗಳಲ್ಲಿ ಚಪ್ಪರದ ಕಂಬ, ತೆಂಗಿನ ಗರಿ, ಬಾಳೆಯೆಲೆ, ತರಕಾರಿಗಳು ನೆರೆಹೊರೆಯಿಂದ ಬರುತ್ತಿದ್ದವು. ಅಡಿಗೆಗೂ ಬಡಿಸುವುದಕ್ಕೂ ಊರವರೇ ನಿಲ್ಲುತ್ತಿದ್ದರು. ಮುಯ್ಯಿಯ ಪದ್ಧತಿಯಲ್ಲಿ ಒಬ್ಬರ ಮನೆಯ ಭಾರವನ್ನು ಹತ್ತಾರು ಮನೆಗಳು ಹಂಚಿಕೊಳ್ಳುತ್ತಿದ್ದವು. ಯಾರು ಎಷ್ಟು ಕೊಟ್ಟರೆಂಬುದನ್ನು ಬರೆದಿಟ್ಟು, ಅವರ ಮನೆಯ ಶುಭಕಾರ್ಯದಲ್ಲಿ ಹಿಂದಿರುಗಿಸುವುದು ಮರ್ಯಾದೆಯಾಗಿತ್ತು. ಅಂತಹ ಊರಿನಲ್ಲಿ ಎಷ್ಟೋ ಮದುವೆಗಳಿಗೆ ದುಡಿದು, ಮುಯ್ಯಿ ಸಲ್ಲಿಸಿ ಬಂದ ಹಿರಿಯರು ತಮ್ಮ ಮನೆಯ ಮದುವೆಗೆ ಯಾರನ್ನೂ ಕರೆಯದಿರಲು ಹಿಂಜರಿದರೆ, ಅದನ್ನು ಪ್ರತಿಷ್ಠೆಯ ಹಂಬಲವೆಂದು ಎಣಿಸಲಾಗದು. ಅದು ಲೆಕ್ಕ ಬಾಕಿಯಿರಿಸಬಾರದೆಂಬ ಪ್ರಾಮಾಣಿಕತೆ.

ಇಪ್ಪತ್ತನೆಯ ಶತಮಾನದ ಕರ್ನಾಟಕದಲ್ಲಿ ಈ ವಿಷಯವಾಗಿ ಎರಡು ಮಹತ್ವದ ಪ್ರಯೋಗಗಳು ನಡೆದವು. 1966ರಲ್ಲಿ ರಾಷ್ಟ್ರಕವಿ ಕುವೆಂಪು ಅವರ ಪುತ್ರ ಪೂರ್ಣಚಂದ್ರ ತೇಜಸ್ವಿಯವರ ವಿವಾಹವು ‘ಮಂತ್ರಮಾಂಗಲ್ಯ’ದ ರೀತಿಯಲ್ಲಿ ನೆರವೇರಿತು. ವಧೂವರರು ತಾವೇ ಪ್ರತಿಜ್ಞಾವಚನಗಳನ್ನು ಸ್ವೀಕರಿಸುವ, ವರದಕ್ಷಿಣೆ ಮತ್ತು ಆಡಂಬರಗಳನ್ನು ವರ್ಜಿಸಿದ ಸರಳಕ್ರಮವದು. ಮುಂದೆ ನಾಡಿನ ಅನೇಕ ತರುಣರು ಅದನ್ನು ಅನುಸರಿಸಿದರು. ಇದು ಕಿರಿದಾದ ಸಮೂಹದ ಮಾರ್ಗ. 1972ರಲ್ಲಿ ಧರ್ಮಸ್ಥಳದ ಧರ್ಮಾಧಿಕಾರಿ ಡಾ. ವೀರೇಂದ್ರ ಹೆಗ್ಗಡೆಯವರು ಆರಂಭಿಸಿದ ಉಚಿತ ಸಾಮೂಹಿಕ ವಿವಾಹವು ಹಿರಿದಾದ ಸಮೂಹದ ಮಾರ್ಗ. ವರದಕ್ಷಿಣೆಯ ಸೋಂಕಿಲ್ಲದೆ, ಕ್ಷೇತ್ರದಿಂದಲೇ ವಸ್ತ್ರ ಮತ್ತು ಮಂಗಲಸೂತ್ರಗಳನ್ನು ಪಡೆದು, ಅಪಾರ ಜನಸ್ತೋಮದ ಎದುರಿನಲ್ಲಿ ಸಾವಿರಾರು ಜೋಡಿಗಳು ಅಲ್ಲಿ ಗೃಹಸ್ಥಾಶ್ರಮವನ್ನು ಪ್ರವೇಶಿಸಿವೆ. ಹುಟ್ಟೂರಿನಿಂದ ದೂರದ ಕ್ಷೇತ್ರ, ಆದರೂ ಸಾವಿರಾರು ಸಾಕ್ಷಿಗಳು, ಆದರೂ ಸಾಲವಿಲ್ಲ. ದೊಡ್ಡದೆಂದರೆ ದುಬಾರಿ, ಚಿಕ್ಕದೆಂದರೆ ಸರಳ ಎಂಬ ನಮ್ಮ ರೂಢಿಯ ಎಣಿಕೆ ಎಷ್ಟು ಸಡಿಲವಾದದ್ದೆಂಬುದನ್ನು ಈ ಒಂದು ನಿದರ್ಶನವೇ ತೋರಿಸುತ್ತದೆ.

ಚಿಕ್ಕ ಮದುವೆಯ ಅನುಭವ ದೇಶಕ್ಕೆಲ್ಲ ಒಮ್ಮೆಗೇ ಆದದ್ದು 2020ರಲ್ಲಿ. ಕೊರೊನಾ ಸಾಂಕ್ರಾಮಿಕದ ಕಾರಣ ಕೇಂದ್ರ ಸರ್ಕಾರವು ಮದುವೆಯ ಅತಿಥಿಗಳ ಸಂಖ್ಯೆಯನ್ನು 50ಕ್ಕೆ ಮಿತಿಗೊಳಿಸಿತು. ಅನೇಕ ಕುಟುಂಬಗಳಿಗೆ ಖರ್ಚಿನ ಹೊರೆ ಇಳಿಯಿತು. ಇಷ್ಟರಲ್ಲಿಯೇ ಮದುವೆ ಸಾಧ್ಯವೆಂಬ ಅರಿವೂ ಮೂಡಿತು. ಆದರೆ ಐವತ್ತರ ಪಟ್ಟಿ ಬರೆಯುವಾಗ ಯಾರ ಹೆಸರನ್ನು ಅಳಿಸಬೇಕೆಂಬ ಸಂಕಟವೂ ಅಷ್ಟೇ ನಿಜವಾಗಿತ್ತು. ಅಂದು ಆ ಪಟ್ಟಿಯನ್ನು ಕಿರಿದುಗೊಳಿಸಿದುದು ಸರ್ಕಾರದ ಆಜ್ಞೆ. ಇಂದು ಕಿರಿದುಗೊಳಿಸುವವರು ನಾವೇ ಆದುದರಿಂದ ಹೊಣೆಯೂ ನಮ್ಮದೇ. ದೂರದ ವಿಹಾರಧಾಮದ ಮದುವೆಗೆ ಬರಲಾರದವರು ಯಾರು? ನಡೆಯಲಾರದ ಅಜ್ಜಿ, ಪ್ರಯಾಣದ ಖರ್ಚನ್ನು ಭರಿಸಲಾರದ ಸೋದರಬಂಧು, ಒಂದು ದಿನದ ಕೂಲಿಯನ್ನು ಬಿಡಲಾರದ ನೆರೆಯವನು. ಸಂಖ್ಯೆ ಕಡಿಮೆಯಾದಾಗ ಮೊದಲು ಕಳಚಿಕೊಳ್ಳುವವರು ಬಡವರು ಮತ್ತು ವೃದ್ಧರು. ಜೊತೆಗೆ, ಅಲ್ಲಿಯ ಪಾಕಶಾಲೆ ನಮ್ಮ ಕೈಯಲ್ಲಿರುವುದಿಲ್ಲ. ಸೂರ್ಯಾಸ್ತಕ್ಕೆ ಮುನ್ನ ಪಂಕ್ತಿ ಮುಗಿಯಬೇಕು, ನೀರನ್ನು ಸೋಸಿ ಬಳಸಬೇಕು ಎಂಬ ಶ್ರಾವಕಾಚಾರವನ್ನು ಅಪರಿಚಿತರಿಗೆ ಒಪ್ಪಿಸಿ ನಿಶ್ಚಿಂತರಾಗುವುದು ಕಷ್ಟ.

ಇಷ್ಟನ್ನು ತೂಗಿ ನೋಡಿದಾಗ ಜಿನಸೇನರ ಕ್ರಮವೇ ಇಂದಿಗೂ ಅನುಸರಣೀಯವೆಂದು ತೋರುತ್ತದೆ. ಪಾಣಿಗ್ರಹಣವು ಸಮೀಪಬಂಧುಗಳ ನಡುವೆ, ಪ್ರಶಾಂತವಾದ ಸ್ಥಳದಲ್ಲಿ ನಡೆಯಲಿ. ಮಕ್ಕಳ ಇಚ್ಛೆ ಅಲ್ಲಿ ಸಲ್ಲಲಿ. ಆದರೆ ವಧೂವರರು ಹುಟ್ಟೂರಿಗೆ ಮರಳಿ ಬಸದಿಯಲ್ಲಿ ಜಿನದರ್ಶನ ಮಾಡಿ, ಊರವರೊಡನೆ ಹಗಲಿನ ಒಂದು ಸಾದಾ ಊಟಕ್ಕೆ ಕುಳಿತುಕೊಳ್ಳಲಿ. ಎರಡೂ ಕಡೆಯ ಒಟ್ಟು ವೆಚ್ಚಕ್ಕೆ, ಸ್ಥಳವನ್ನು ಗೊತ್ತುಮಾಡುವ ಮೊದಲೇ, ಪರಿಗ್ರಹ ಪರಿಮಾಣ ವ್ರತದ ರೀತಿಯಲ್ಲಿ ಮನೆಯವರೆಲ್ಲ ಕುಳಿತು ಮಿತಿ ಹಾಕಿಕೊಳ್ಳಲಿ. ಮಿತಿ ಮೊದಲು, ಸ್ಥಳ ಆಮೇಲೆ. ಹಾಗಾದಲ್ಲಿ ಆ ಹಣದಲ್ಲಿ ಎರಡು ಉತ್ಸವಗಳು ಸಾಧ್ಯವಾಗದಿದ್ದರೆ, ದೂರದ ಉತ್ಸವವನ್ನು ಬಿಟ್ಟು ಊರಿನ ಊಟವನ್ನು ಉಳಿಸಿಕೊಳ್ಳುವುದು ಮೇಲು. ಪ್ರಶಾಂತವಾದ ಸ್ಥಳ ನಮ್ಮೂರಿನಲ್ಲಿಯೂ ದೊರೆಯುತ್ತದೆ; ನಡೆಯಲಾರದ ಅಜ್ಜಿಯ ಆಶೀರ್ವಾದ ಬೇರೆಲ್ಲಿಯೂ ದೊರೆಯದು.