ಅಪಘಾತ ಪರಿಹಾರ: ದಾವೆ ಹೂಡುವ ಊರು ಯಾವುದು?

ಮುಂಬಯಿಯ ಹೋಟೆಲೊಂದರಲ್ಲಿ ಹಗಲು ದುಡಿದು ಕನ್ನಡ ರಾತ್ರಿಶಾಲೆಯಲ್ಲಿ ಓದುತ್ತಿದ್ದ ಕುಂದಾಪುರದ ಕಡೆಯ ತರುಣನೊಬ್ಬನು 1950ರ ಸುಮಾರಿಗೆ ರಜೆಯಲ್ಲಿ ಊರಿಗೆ ಹೋಗಿ, ಅಲ್ಲಿ ಲಾರಿಯೊಂದಕ್ಕೆ ಸಿಕ್ಕಿ ಬಲಗಾಲನ್ನು ಕಳೆದುಕೊಂಡನೆಂದು ಊಹಿಸೋಣ. ಅಂಥವನು ಪರಿಹಾರಕ್ಕಾಗಿ ಯಾವ ನ್ಯಾಯಾಲಯದ ಬಾಗಿಲಿಗೆ ಹೋಗಬೇಕಾಗಿತ್ತು? ಪರಿಹಾರದ ಇತಿಹಾಸವನ್ನು ಬರೆಯುವವರು ಮೊತ್ತಗಳನ್ನು ಕುರಿತು ವಿಸ್ತಾರವಾಗಿ ಬರೆದಿದ್ದಾರೆ. ನಮ್ಮಂಥ ಪರಸ್ಥಳ ನಿವಾಸಿಗಳಿಗೆ ಮೊತ್ತದಷ್ಟೇ ಮುಖ್ಯವಾದುದು ಸ್ಥಳದ ಪ್ರಶ್ನೆ.

ಆಂಗ್ಲರ ಕಾಲದ 1855ರ ಪ್ರಾಣಾಂತಿಕ ಅಪಘಾತಗಳ ಶಾಸನವು ಸತ್ತವನ ಕುಟುಂಬಕ್ಕೆ ಹಕ್ಕನ್ನು ಕೊಟ್ಟಿತು. ಬದುಕುಳಿದ ಗಾಯಾಳುವಿಗಾದರೋ ಸಾಮಾನ್ಯ ಸಿವಿಲ್ ದಾವೆಯೊಂದೇ ಗತಿ. 1939ರ ಮೋಟಾರು ವಾಹನ ಶಾಸನವು ಮೂರನೆಯವರ ಹಾನಿಗಾಗಿ ವಿಮೆಯನ್ನು ಕಡ್ಡಾಯಗೊಳಿಸಿತು. ಆದರೆ ಆ ಅಧ್ಯಾಯವು ಜಾರಿಗೆ ಬಂದುದು 1946ರ ಜುಲೈ 1ರಂದು. ಆಮೇಲೂ ವಿಮಾ ಸಂಸ್ಥೆಯು ಹಣ ಕೊಡಬೇಕಾದರೆ ಮೊದಲು ವಾಹನದ ಒಡೆಯನ ಮೇಲೆ ಡಿಕ್ರಿಯಾಗಬೇಕು. ಡಿಕ್ರಿಗೆ ದಾವೆ ಬೇಕು. ದಾವೆಗೆ, ಕೇಳಿದ ಮೊತ್ತಕ್ಕೆ ತಕ್ಕಂತೆ ಕೋರ್ಟು ಫೀಸು ಬೇಕು. ಕಾಲು ಕಳೆದುಕೊಂಡು ಕೆಲಸವನ್ನೂ ಕಳೆದುಕೊಂಡವನು ಹೆಚ್ಚು ಕೇಳಿದಷ್ಟೂ ಹೆಚ್ಚು ತೆರಬೇಕಾಗಿದ್ದ ವಿಚಿತ್ರವಿದು.

ಸ್ಥಳದ ವಿಷಯದಲ್ಲಿ ಮಾತ್ರ 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯು ತುಸು ಉದಾರವಾಗಿತ್ತು. ಅದರ 19ನೆಯ ಕಲಮಿನಂತೆ ಹಾನಿಯಾದ ಸ್ಥಳದಲ್ಲಾಗಲಿ ಪ್ರತಿವಾದಿಯು ವಾಸಿಸುವ ಸ್ಥಳದಲ್ಲಾಗಲಿ ದಾವೆ ಹೂಡಬಹುದಾಗಿತ್ತು. ವಾದಿಯ ವಾಸಸ್ಥಳಕ್ಕೆ ಅಲ್ಲಿ ಎಡೆಯಿರಲಿಲ್ಲ. ಅಂದರೆ ನಮ್ಮ ತರುಣನಿಗೆ ಆಗ ಮದರಾಸು ರಾಜ್ಯಕ್ಕೆ ಸೇರಿದ್ದ ಕುಂದಾಪುರವು ತೆರೆದಿತ್ತು. ಲಾರಿಯ ಒಡೆಯನು ಮುಂಬಯಿಯವನಾಗಿದ್ದ ಪಕ್ಷದಲ್ಲಿ ಮಾತ್ರ ಮುಂಬಯಿಯೂ ತೆರೆದಿತ್ತು.

ಕನ್ನಡನಾಡು ಒಂದಾದ 1956ರಲ್ಲಿಯೇ ಮೋಟಾರು ಶಾಸನದ ತಿದ್ದುಪಡಿಯೂ ಆಯಿತು. ಪ್ರತ್ಯೇಕ ಪರಿಹಾರ ನ್ಯಾಯಮಂಡಲಿಗಳನ್ನು ಸ್ಥಾಪಿಸುವ ಅಧಿಕಾರವನ್ನು ಅದು ರಾಜ್ಯ ಸರ್ಕಾರಗಳಿಗೆ ಕೊಟ್ಟಿತು. ಕೋರ್ಟು ಫೀಸಿನ ಹೊರೆಯಿಂದ ಬಡವರು ಹಿಂಜರಿಯುತ್ತಿದ್ದುದೇ ಈ ಏರ್ಪಾಡಿಗೆ ಮುಖ್ಯ ಕಾರಣ. ಇದು ನಿಸ್ಸಂಶಯವಾಗಿ ದೊಡ್ಡ ಉಪಕಾರ. ಆದರೆ ಶಾಸನಕಾರರು ಒಂದು ಕೈಯಿಂದ ಕೊಟ್ಟುದನ್ನು ಇನ್ನೊಂದು ಕೈಯಿಂದ ತುಸು ಹಿಂದೆಗೆದುಕೊಂಡರು. ಅರ್ಜಿಯನ್ನು ಅಪಘಾತ ನಡೆದ ಪ್ರದೇಶದ ಮಂಡಲಿಗೇ ಸಲ್ಲಿಸಬೇಕೆಂದು ವಿಧಿಸಿದರು. ಮಂಡಲಿಯಿರುವ ಪ್ರದೇಶದಲ್ಲಿ ಸಿವಿಲ್ ನ್ಯಾಯಾಲಯದ ದಾರಿಯನ್ನೂ ಮುಚ್ಚಿದರು. ಹೀಗಾಗಿ 1908ರ ಸಂಹಿತೆಯಲ್ಲಿದ್ದ ಎರಡು ಬಾಗಿಲುಗಳ ಎಡೆಯಲ್ಲಿ ಒಂದೇ ಉಳಿಯಿತು. ಅವಧಿಯಾದರೋ 60 ದಿನ ಮಾತ್ರ. ಸಾಕಷ್ಟು ಕಾರಣವಿದ್ದರೆ ವಿಳಂಬವನ್ನು ಮನ್ನಿಸಬಹುದಾಗಿತ್ತೆಂಬುದು ನಿಜ. 1969ರಲ್ಲಿ ಅದು ಆರು ತಿಂಗಳಾಯಿತು.

ಒಂದೇ ಬಾಗಿಲಿನ ಈ ನಿಯಮವು 1988ರ ಹೊಸ ಶಾಸನದಲ್ಲಿಯೂ ಹಾಗೆಯೇ ಮುಂದುವರಿಯಿತು. ಇದರ ಭಾರವನ್ನು ಬಲ್ಲವರು ಪರವೂರಿನಲ್ಲಿ ಬದುಕುವವರೇ. ಮುಂಬಯಿಯ ವೈದ್ಯನು ಚಿಕಿತ್ಸೆ ಮಾಡಿದ್ದರೆ ಅಂಗವೈಕಲ್ಯದ ಸಾಕ್ಷ್ಯವನ್ನು ನುಡಿಯಲು ಅವನನ್ನು ಊರಿಗೆ ಕರೆಸಬೇಕು. ಪ್ರತಿ ವಾಯಿದೆಗೂ ಗಾಯಾಳುವೇ ಊರುಗೋಲಿನೊಡನೆ ಪಯಣಿಸಬೇಕು. ಒಂದು ವಾಯಿದೆಗೆ ಒಂದು ವಾರದ ಸಂಬಳ! ವಿಮಾ ಸಂಸ್ಥೆಯು ಮುಂದಿಟ್ಟ ಅಲ್ಪ ಮೊತ್ತಕ್ಕೆ ಅಂಥವನು ತಲೆದೂಗಿದರೆ ಅಚ್ಚರಿಯೇನು?

1994ರ ನವೆಂಬರ್ 14ರಿಂದ ಜಾರಿಗೆ ಬಂದ ತಿದ್ದುಪಡಿಯು ಈ ಕಟ್ಟನ್ನು ಸಡಿಲಿಸಿತು. ಅಪಘಾತದ ಸ್ಥಳ, ಅರ್ಜಿದಾರನು ವಾಸಿಸುವ ಅಥವಾ ವ್ಯವಹರಿಸುವ ಸ್ಥಳ, ಪ್ರತಿವಾದಿಯು ವಾಸಿಸುವ ಸ್ಥಳ, ಇವುಗಳಲ್ಲಿ ಯಾವುದನ್ನಾದರೂ ಆರಿಸಿಕೊಳ್ಳುವ ಸ್ವಾತಂತ್ರ್ಯ ದೊರೆಯಿತು. ಹೂಗ್ಲಿ ಜಿಲ್ಲೆಯ ಅಪಘಾತವೊಂದಕ್ಕೆ ವಿಮಾ ಸಂಸ್ಥೆಯ ಕಚೇರಿಯಿದ್ದ ಕಲ್ಕತ್ತೆಯಲ್ಲಿ ಸಲ್ಲಿಸಿದ ಅರ್ಜಿಯನ್ನು 2016ರಲ್ಲಿ ಸರ್ವೋಚ್ಚ ನ್ಯಾಯಾಲಯವು ಎತ್ತಿಹಿಡಿಯಿತು. ಗಾಯಾಳುವಿನ ವಾಸಸ್ಥಳವು ಶಾಸನದ ಕಣ್ಣಿಗೆ ಬೀಳಲು ಹೀಗೆ 38 ವರ್ಷಗಳೇ ಬೇಕಾದವು.

ಮೊತ್ತದ ಬಗೆಗೆ ಒಂದೇ ತೀರ್ಪನ್ನು ಉಲ್ಲೇಖಿಸುತ್ತೇನೆ. ವೈದ್ಯನು ಹೇಳುವ ಶೇಕಡಾ ಲೆಕ್ಕವೇ ಗಳಿಕೆಯ ನಷ್ಟದ ಲೆಕ್ಕವಲ್ಲವೆಂದು 2010ರ ಅಕ್ಟೋಬರ್‌ನಲ್ಲಿ ಸರ್ವೋಚ್ಚ ನ್ಯಾಯಾಲಯವು ಸ್ಪಷ್ಟಪಡಿಸಿತು. ಎಡಗೈ ಹೋದ ಚಾಲಕನು ಅಥವಾ ಬಡಗಿಯು ಕಸುಬನ್ನೇ ಕಳೆದುಕೊಳ್ಳಬಹುದು. ಸರ್ಕಾರಿ ಗುಮಾಸ್ತನು ತನ್ನ ಕುರ್ಚಿಯಲ್ಲೇ ಮುಂದುವರಿಯಬಹುದು. ಮೇಜಿನಿಂದ ಮೇಜಿಗೆ ಓಡಾಡುತ್ತಿದ್ದ ನಮ್ಮ ತರುಣನ ಕಾಲನ್ನು ಈ ನ್ಯಾಯದಿಂದ ಅಳೆದರೆ ಅವನ ಪಾಲಿಗೆ ಬರುವ ಮೊತ್ತವೇ ಬೇರೆ.

ಇಂದು ಅವನು ಮುಂಬಯಿಯಲ್ಲಿಯೇ ಅರ್ಜಿ ಹಾಕಬಹುದು. ಆದರೆ 1994ರಲ್ಲಿ ತೆಗೆದುಹಾಕಿದ್ದ ಆರು ತಿಂಗಳ ಗಡುವನ್ನು 2019ರ ತಿದ್ದುಪಡಿಯು ಮರಳಿ ತಂದಿತು. ಅದು 2022ರ ಏಪ್ರಿಲ್ 1ರಿಂದ ಜಾರಿಯಾಯಿತು, ಅದನ್ನು ಪ್ರಶ್ನಿಸಿದ ಅರ್ಜಿಗಳು ಸರ್ವೋಚ್ಚ ನ್ಯಾಯಾಲಯದವರೆಗೂ ಹೋಗಿವೆ. ಇನ್ನೊಂದು ತೊಡಕು ನಮಗೇ ಮೀಸಲಾದುದು: ಊರಿನ ಪೊಲೀಸರು ಬರೆದ ಪ್ರಥಮ ವರದಿ, ಸ್ಥಳದ ಪಂಚನಾಮೆ, ಸಾಕ್ಷಿಗಳ ಹೇಳಿಕೆ ಎಲ್ಲವೂ ಕನ್ನಡದಲ್ಲಿರುತ್ತವೆ. ಮುಂಬಯಿಯ ಮಂಡಲಿಯ ಮುಂದಿಡಲು ಅವುಗಳನ್ನು ಯಾರಾದರೂ ಮರಾಠಿಗೋ ಇಂಗ್ಲಿಷಿಗೋ ತರ್ಜುಮೆ ಮಾಡಿಕೊಡಬೇಕು.