ಖಾಲಿ ಹುದ್ದೆಯ ಬಾಧಿತರು ಯಾರು? ಶಿಕ್ಷಕರ ನಿಯೋಜನೆಯನ್ನು ಪ್ರಶ್ನಿಸುವ ಅರ್ಹತೆಯ ಕುರಿತು

ಸರ್ಕಾರಿ ಶಾಲೆಯ ಶಿಕ್ಷಕರೊಬ್ಬರನ್ನು ‘ಹೆಚ್ಚುವರಿ’ ಎಂದು ಗುರುತಿಸಿ ಬೇರೆಡೆಗೆ ಕಳಿಸಿದಾಗ, ನಿವೃತ್ತರಾದವರ ಜಾಗ ತುಂಬದೇ ಉಳಿದಾಗ, ನ್ಯಾಯಾಲಯದ ಕದ ತಟ್ಟುವ ಹಕ್ಕು ಯಾರಿಗಿದೆ? ನೌಕರರಿಗೆ ಮಾತ್ರವೇ, ಅಲ್ಲಿ ಓದುವ ಮಕ್ಕಳಿಗೂ ಇದೆಯೇ? ಹುದ್ದೆಯ ಪ್ರಶ್ನೆಯನ್ನೂ ಹುದ್ದೆಯಲ್ಲಿರುವವರ ಪ್ರಶ್ನೆಯನ್ನೂ ಬೇರ್ಪಡಿಸಿ ನೋಡಿದರೆ ಇದಕ್ಕೆ ಉತ್ತರ ಸಿಗುತ್ತದೆ ಎಂಬುದು ಈ ಲೇಖನದ ವಾದ.

ಸೇವಾ ವಿಷಯಗಳಲ್ಲಿ ಸುಪ್ರೀಂ ಕೋರ್ಟಿನ ನಿಲುವು ಬಿಗಿಯಾದದ್ದು. ಎಸ್.ಪಿ. ಗುಪ್ತಾ ಪ್ರಕರಣ (1981) ಸಾರ್ವಜನಿಕ ಹಿತಾಸಕ್ತಿ ಅರ್ಜಿಗೆ ದಾರಿ ತೆರೆಯಿತು. ಆದರೆ ಆಡಳಿತ ನ್ಯಾಯಮಂಡಳಿಗಳು ಮೂರನೆಯವರ ಇಂಥ ಅರ್ಜಿಯನ್ನು ವಿಚಾರಣೆಗೆ ಎತ್ತಿಕೊಳ್ಳಲಾಗದು ಎಂದು ದುರ್ಯೋಧನ ಸಾಹು ಪ್ರಕರಣ (1998) ಹೇಳಿತು. ಅಧಿಕಾರದಲ್ಲಿರುವವರ ಅರ್ಹತೆಯನ್ನೇ ಕೇಳುವ ಕೋ ವಾರಂಟೋ ರಿಟ್ ಬಿಟ್ಟರೆ ಸೇವಾ ವಿಷಯದಲ್ಲಿ ಸಾರ್ವಜನಿಕ ಹಿತಾಸಕ್ತಿ ಅರ್ಜಿಗೆ ಎಡೆಯಿಲ್ಲ ಎಂಬ ಮಾತು ಕರ್ನಾಟಕದಿಂದಲೇ ಹೋದ ಬಿ. ಶ್ರೀನಿವಾಸ ರೆಡ್ಡಿ ಪ್ರಕರಣದಲ್ಲಿ (2006) ಮತ್ತೆ ಸ್ಪಷ್ಟವಾಯಿತು. ಸ್ವತಃ ಶಿಕ್ಷಕರಿಗೂ ಇಲ್ಲಿ ಹಾದಿ ಸಲೀಸಲ್ಲ. ಬಿಹಾರದ ಪ್ರಾಥಮಿಕ ಶಿಕ್ಷಕಿಯರ ವರ್ಗಾವಣೆಗೆ ಸಂಬಂಧಿಸಿದ ಶಿಲ್ಪಿ ಬೋಸ್ ತೀರ್ಪು (1991), ಇಂಥದೇ ಸ್ಥಳದಲ್ಲಿ ಉಳಿಯುವ ಹಕ್ಕು ನೌಕರರಿಗಿಲ್ಲ ಎಂದಿತು.

ಈ ತೀರ್ಪುಗಳ ಹಿಂದೆ ಸಕಾರಣವಿದೆ. ಯಾರನ್ನು ನೇಮಿಸಬೇಕು, ಯಾರು ಹಿರಿಯರು, ಯಾರ ವರ್ಗಾವಣೆ ಸರಿ ಎಂಬ ವಿವಾದಗಳಲ್ಲಿ ಹೊರಗಿನವರು ತಲೆಹಾಕಿದರೆ ವೈಯಕ್ತಿಕ ದ್ವೇಷಕ್ಕೂ ನ್ಯಾಯಾಲಯ ಆಯುಧವಾಗಬಹುದು. ಆದರೆ ಇವೆಲ್ಲ ವ್ಯಕ್ತಿಗೆ ಸಂಬಂಧಿಸಿದ ಪ್ರಶ್ನೆಗಳು. ‘ನಮ್ಮ ಶಾಲೆಯಲ್ಲಿ ಗಣಿತದ ಮೇಷ್ಟ್ರೇ ಇಲ್ಲ’ ಎಂಬುದು ಆ ಜಾತಿಯ ಪ್ರಶ್ನೆಯಲ್ಲ.

2009ರ ಶಿಕ್ಷಣ ಹಕ್ಕು ಕಾಯ್ದೆ ಈ ವ್ಯತ್ಯಾಸಕ್ಕೆ ಶಾಸನದ ಆಧಾರ ಕೊಟ್ಟಿದೆ. 25ನೇ ಕಲಂ ಶಿಕ್ಷಕ-ವಿದ್ಯಾರ್ಥಿ ಅನುಪಾತವನ್ನು ಪ್ರತಿ ಶಾಲೆಯಲ್ಲೂ ಕಾಪಾಡಲು ಹೇಳುತ್ತದೆ. ಒಂದರಿಂದ ಐದನೇ ತರಗತಿಗೆ 60 ಮಕ್ಕಳವರೆಗೆ ಇಬ್ಬರು ಶಿಕ್ಷಕರಿರಬೇಕೆಂದು ಅನುಸೂಚಿ ವಿಧಿಸುತ್ತದೆ. 26ನೇ ಕಲಂ ಪ್ರಕಾರ ಶಾಲೆಯೊಂದರಲ್ಲಿ ಖಾಲಿ ಹುದ್ದೆಗಳು ಮಂಜೂರಾದ ಹುದ್ದೆಗಳ ಶೇ. 10ನ್ನು ಮೀರಬಾರದು. ಅಳತೆಯ ಘಟಕ ರಾಜ್ಯವಲ್ಲ, ಜಿಲ್ಲೆಯೂ ಅಲ್ಲ, ಶಾಲೆ. ನಾಲ್ಕು ಹುದ್ದೆಗಳ ಶಾಲೆಯಲ್ಲಿ ಒಂದು ಖಾಲಿಯಾದರೂ ಅದು ಶೇ. 25. ಇದರಿಂದ ಬಾಧಿತರಾಗುವವರು ಆ ಶಾಲೆಯ ಮಕ್ಕಳೇ. ಹಾಗಾಗಿ ಅವರು ಮೂರನೆಯವರಲ್ಲ, ಶಿಕ್ಷಣದ ಹಕ್ಕು ನೀಡುವ ಸಂವಿಧಾನದ 21ಎ ವಿಧಿಯ ಹಕ್ಕುದಾರರು.

ಕಾಯ್ದೆಯ 32ನೇ ಕಲಂ ಮಗುವಿನ ಹಕ್ಕಿನ ಬಗ್ಗೆ ‘ಯಾವುದೇ ವ್ಯಕ್ತಿ’ ಸ್ಥಳೀಯ ಪ್ರಾಧಿಕಾರಕ್ಕೆ ದೂರು ಕೊಡಬಹುದು ಎನ್ನುತ್ತದೆ. ಮೇಲ್ಮನವಿ ಹೋಗುವುದು ರಾಜ್ಯ ಮಕ್ಕಳ ಹಕ್ಕುಗಳ ರಕ್ಷಣಾ ಆಯೋಗಕ್ಕೆ. ಶಾಸಕಾಂಗವೇ ಅರ್ಹತೆಯನ್ನು ಇಷ್ಟು ವಿಶಾಲವಾಗಿ ಕಂಡಿರುವಾಗ, ರಿಟ್ ನ್ಯಾಯಾಲಯ ‘ಇದು ಸೇವಾ ವಿಷಯ’ ಎಂದು ಪೋಷಕರನ್ನು ಮರಳಿ ಕಳಿಸಿದರೆ ಅವರಿಗೆ ಯಾವ ನ್ಯಾಯಪೀಠವೂ ಉಳಿಯದು. ಕರ್ನಾಟಕ ಆಡಳಿತ ನ್ಯಾಯಮಂಡಳಿ ಇರುವುದು ಸೇವಾ ವಿವಾದಗಳಿಗೆ, ಮಕ್ಕಳ ಅಹವಾಲಿಗಲ್ಲ.

ನ್ಯಾಯಾಲಯಗಳು ಈ ದಾರಿಯಲ್ಲಿ ನಡೆದ ಉದಾಹರಣೆಗಳೂ ಇವೆ. ಸೇಂಟ್ ಮೇರೀಸ್ ಶಾಲೆಯ ಪ್ರಕರಣದಲ್ಲಿ (2007) ಶಿಕ್ಷಕರನ್ನು ಪಾಠದ ದಿನ, ಪಾಠದ ಹೊತ್ತಿನಲ್ಲಿ ಚುನಾವಣಾ ಕೆಲಸಕ್ಕೆ ಸಾಮಾನ್ಯವಾಗಿ ಹಚ್ಚಬಾರದು ಎಂಬ ನಿಲುವಿಗೆ ಮಕ್ಕಳ ಶಿಕ್ಷಣದ ಹಕ್ಕೇ ಬಲ ತುಂಬಿತು. ರಜನೀಶ್ ಕುಮಾರ್ ಪಾಂಡೆ ಪ್ರಕರಣ (2021) ವಿಶೇಷ ಶಿಕ್ಷಕರ ಕುರಿತದ್ದು. ಅಲ್ಲಿ ಕೋರ್ಟ್ ವಿಶೇಷ ಅಗತ್ಯದ ಮಕ್ಕಳಿಗೆ ಶಿಕ್ಷಕ-ವಿದ್ಯಾರ್ಥಿ ಅನುಪಾತವನ್ನು ಗೊತ್ತುಪಡಿಸುವಂತೆ ಕೇಂದ್ರ ಸರ್ಕಾರಕ್ಕೆ ನಿರ್ದೇಶಿಸಿತು.

ಆದ್ದರಿಂದ ಅರ್ಜಿಯ ಪ್ರಾರ್ಥನೆಯೇ ಅರ್ಹತೆಯನ್ನು ತೀರ್ಮಾನಿಸಬೇಕು. ‘ಇಂಥವರ ವರ್ಗಾವಣೆ ರದ್ದಾಗಲಿ’ ಎಂದರೆ ಅದು ನೌಕರರ ವ್ಯಾಜ್ಯ. ‘ಈ ಹುದ್ದೆ ಇಷ್ಟು ದಿನದೊಳಗೆ ಭರ್ತಿಯಾಗಲಿ’ ಎಂದರೆ ಅದು ಮಗುವಿನ ಹಕ್ಕು. ಮುಕ್ಕಾಲು ಪಾಲು ಪೋಷಕರೇ ಇರುವ ಶಾಲಾಭಿವೃದ್ಧಿ ಸಮಿತಿಗಳು ಹೆಸರು ಹಿಡಿದು ಹೋಗದೆ ಹುದ್ದೆಯನ್ನು ಕೇಳಲಿ. ಹಾಗೆ ಕೇಳಿದಾಗ ನ್ಯಾಯಾಲಯವೂ ಅವರನ್ನು ಹೊರಗಿನವರೆಂದು ಎಣಿಸಬಾರದು.